ಒಣದ್ರಾಕ್ಷಿಯ ಧಾರಣೆ ನಿರ್ಣಯವಾಗುವದೆಲ್ಲಿ?

ಅಥಣಿ ತಾಲೂಕಿನಲ್ಲಿ ಕೃಷ್ಣೆಯ ದಂಡೆಯ ಊರುಗಳ ಭಾಗ್ಯವೇ ಬೇರೆ, ಪೂರ್ವದ ಒಣಸೀಮೆಯ ಭಾಗ್ಯವೇ ಬೇರೆ. ತೆಲಸಂಗ ಮತ್ತು ಅದರ ಸುತ್ತಲಿನ ಹಳ್ಳಿಗಳ ಒಕ್ಕಲಿಗರು ಮಳೆಯ ಕೊರತೆಯನ್ನೂ ಬಿಸಿಲಿನ ಝಳವನ್ನೂ ನೆವಮಾಡಿಕೊಂಡು ಕೈಕಟ್ಟಿ ಕುಳಿತವರಲ್ಲ. ಇದ್ದಷ್ಟು ನೀರನ್ನು ಹನಿಹನಿಯಾಗಿ ಬಳ್ಳಿಗೆ ಉಣಿಸಿ ದ್ರಾಕ್ಷಿಯನ್ನು ಬೆಳೆದರು. ಉಳಿದ ಬೆಳೆಗಳನ್ನು ಸುಡುವ ಒಣಹವೆಯನ್ನೇ ದುಡಿಸಿಕೊಂಡು ಒಣದ್ರಾಕ್ಷಿಯನ್ನು ಮಾಡಿದರು. ಇದು ಸಣ್ಣ ಸಾಹಸವಲ್ಲ. ಆದರೆ ಮಾಲು ತಾಸಗಾಂವ, ಸಾಂಗ್ಲಿ, ವಿಜಯಪುರದ ಪೇಟೆಗಳನ್ನು ಮುಟ್ಟಿದೊಡನೆ ಮತ್ತೆ ಮತ್ತೆ ಒಂದೇ ಕೊರಗು ಕೇಳಿಬರುವದು: ಬೆಳೆ ಬಂದಿತು, ಧಾರಣೆ ಬರಲಿಲ್ಲ.

ಈ ಕೊರಗು ಹುಸಿಯೆಂದು ನಾವು ಹೇಳಲಾರೆವು. ಸಾಲದ ಕಂತು ಮೈಮೇಲಿರುವಾಗ ಮಾಲನ್ನು ಹಿಡಿದಿಡುವ ಶಕ್ತಿ ಬಡ ಬೆಳೆಗಾರನಿಗಿಲ್ಲ; ಪೇಟೆಯ ಏರಿಳಿತ ಅವನ ಕೈಯೊಳಗಿನದಲ್ಲ; ಪರದೇಶದ ಮಾಲಿನ ಪೈಪೋಟಿಯೂ ಇದ್ದೇ ಇದೆ. ಆದರೂ ವಾಚಕರ ಮುಂದೆ ನಾವು ಇಂದು ಇಡಬೇಕೆಂದಿರುವ ಮಾತು ಬೇರೆ. ಒಂದೇ ದಿನ, ಒಂದೇ ಪೇಟೆಯಲ್ಲಿ, ಒಂದೇ ತಳಿಯ ಹಣ್ಣಿನಿಂದಾದ ಎರಡು ರಾಶಿಗಳು ಎರಡು ಧಾರಣೆಗೆ ಹೋಗುವದನ್ನು ಬೆಳೆಗಾರರೆಲ್ಲ ಬಲ್ಲರು. ಬಣ್ಣ, ಗಾತ್ರ, ತೇವ, ಕಸಕಡ್ಡಿ ಇವುಗಳನ್ನು ನೋಡಿಯೇ ಕೊಳ್ಳುವವನು ಸವಾಲು ಕೂಗುವನು. ಈ ನಾಲ್ಕೂ ತೋಟದಲ್ಲಿಯೂ ಒಣಗಿಸುವ ಶೆಡ್ಡಿನಲ್ಲಿಯೂ ನಿರ್ಣಯವಾಗಿ ಬಂದಿರುತ್ತವೆ. ಅಂದ ಬಳಿಕ ಧಾರಣೆಯ ಒಂದು ಭಾಗವಾದರೂ ನಮ್ಮ ಕೈಯಲ್ಲಿಯೇ ಇದೆ.

ಶೆಡ್ಡನ್ನು ನಾವು ಇನ್ನೂ ರಾಶಿಯ ಕಣದಂತೆ ಕಾಣುತ್ತಿದ್ದೇವೆ. ಅದನ್ನು ಕಾರ್ಖಾನೆಯೆಂದು ಕಾಣುವ ಕಾಲ ಬಂದಿದೆ. ಕಚ್ಚಾ ಮಾಲು ಒಳಬರುವದು, ದ್ರಾವಣದಲ್ಲಿ ಸಂಸ್ಕಾರ ಹೊಂದುವದು, ಒಂದರ ಮೇಲೊಂದು ಕಟ್ಟಿದ ಜಾಳಿಗೆಗಳ ಮೇಲೆ ದಿನವೆಣಿಸಿ ಒಣಗುವದು, ತೊಟ್ಟು ಬೇರ್ಪಡುವದು, ದರ್ಜೆಗನುಸಾರ ಆರಿಸಲ್ಪಟ್ಟು ಪೆಟ್ಟಿಗೆ ಸೇರುವದು. ಇದು ಕಾರ್ಖಾನೆಯ ಕೆಲಸವಲ್ಲದೆ ಮತ್ತೇನು? ಕಾರ್ಖಾನೆಯೆಂದ ಮೇಲೆ ಅದಕ್ಕೆ ಅಳತೆ ಬೇಕು, ಲೆಕ್ಕ ಬೇಕು, ಪ್ರತಿ ಹಂತಕ್ಕೂ ಒಬ್ಬ ಹೊಣೆಗಾರ ಬೇಕು.

ಮೊದಲು ಕೊಯ್ಲನ್ನೇ ತೆಗೆದುಕೊಳ್ಳೋಣ. ಹಣ್ಣಿನ ರಸದಲ್ಲಿಯ ಸಕ್ಕರೆಯ ಅಂಶವನ್ನು ಬ್ರಿಕ್ಸ್ ಎಂಬ ಮಾನದಿಂದ ಅಳೆಯುವ ಉಪಕರಣವು ಅಂಗೈಯಲ್ಲಿ ಹಿಡಿಯುವಷ್ಟು ಸಣ್ಣದು. ಒಣದ್ರಾಕ್ಷಿಯಲ್ಲಿ ಉಳಿಯತಕ್ಕ ತೇವ ನೂರಕ್ಕೆ ಸುಮಾರು 15. ಹಣ್ಣು 22 ಬ್ರಿಕ್ಸ್ ಮುಟ್ಟಿದ ಮೇಲೆ ಕೊಯ್ದರೆ 100 ಕಿಲೋ ಹಸಿಹಣ್ಣಿನಿಂದ ಸುಮಾರು 26 ಕಿಲೋ ಒಣಮಾಲು ಬರಬೇಕೆಂದು ಗಣಿತವು ಹೇಳುತ್ತದೆ. ಅವಸರಪಟ್ಟು 18ಕ್ಕೇ ಕೊಯ್ದರೆ ಸುಮಾರು 21 ಕಿಲೋ ಮಾತ್ರ. ಹತ್ತು ಟನ್ನು ಹಣ್ಣು ಇಳಿಸುವ ತೋಟದಲ್ಲಿ ಈ ಅವಸರಕ್ಕೆ ತೆರುವ ದಂಡವು ನಾಲ್ಕೂವರೆ ಕ್ವಿಂಟಲ್ಲಿಗೂ ಮಿಕ್ಕ ಒಣದ್ರಾಕ್ಷಿ! ಉಳಿದ ಮಾಲಾದರೂ ತಿರುಳು ತೆಳ್ಳಗಾಗಿ ಕೆಳದರ್ಜೆಗೆ ಬೀಳುವದು. ಯಾವ ದಲಾಲನೂ ಹಿಡಿಯದಷ್ಟು ದೊಡ್ಡ ಕಡಿತವನ್ನು ನಾವೇ ನಮ್ಮ ಕೈಯಿಂದ ಹಿಡಿದುಕೊಟ್ಟಂತಾಯಿತು.

ಎರಡನೆಯದು ಅದ್ದುವ ಹಂತ. ದ್ರಾಕ್ಷಿಯ ಸಿಪ್ಪೆಯ ಮೇಲಿನ ಮೇಣದ ತೆಳುಹೊದಿಕೆಯು ಒಳಗಿನ ನೀರನ್ನು ಸುಲಭವಾಗಿ ಹೊರಬಿಡುವದಿಲ್ಲ. ಒಂದು ಲೀಟರು ನೀರಿಗೆ 25 ಗ್ರಾಂ ಪೊಟ್ಯಾಸಿಯಂ ಕಾರ್ಬೊನೇಟ್, 15 ಮಿಲಿಲೀಟರು ಇಥೈಲ್ ಓಲಿಯೇಟ್ ಕೂಡಿಸಿದ ದ್ರಾವಣದಲ್ಲಿ ಗೊಂಚಲುಗಳನ್ನು ಕೆಲವು ನಿಮಿಷ ಅದ್ದಿದರೆ ಆ ಹೊದಿಕೆ ಸಡಿಲಾಗಿ, ಹಣ್ಣು ನೆರಳಿನಲ್ಲಿಯೇ ಸುಮಾರು ಹದಿನೈದು ದಿನಗಳಲ್ಲಿ ಒಣಗುವದು. ಬೇಗ ಒಣಗಿದಷ್ಟೂ ಹಣ್ಣಿನೊಳಗಿನ ಕಿಣ್ವಗಳಿಗೆ ಅದನ್ನು ಕಂದಿಸಲು ಅವಕಾಶ ಕಡಿಮೆ. ಪೇಟೆಯು ಮೆಚ್ಚುವ ಹಸುರು ಹೊಂಬಣ್ಣದ ಗುಟ್ಟು ಇದೇ. ಆದರೆ ಅದ್ದುತ್ತ ಹೋದಂತೆ ದ್ರಾವಣದ ಕಸುವು ಕುಂದುವದು. ಬೆಳಗಿನ ಗೊಂಚಲಿಗೂ ಸಂಜೆಯ ಗೊಂಚಲಿಗೂ ಒಂದೇ ಸಂಸ್ಕಾರವಾಯಿತೆ ಎಂಬುದನ್ನು ಕಣ್ಣಂದಾಜಿಗೆ ಬಿಟ್ಟರೆ ಒಂದೇ ಶೆಡ್ಡಿನಿಂದ ಮೂರು ಬಣ್ಣದ ಮಾಲು ಹೊರಬೀಳುವದು. ಕ್ಷಾರವನ್ನು ತೋರಿಸುವ ಕಾಗದದ ಪಟ್ಟಿಯೊಂದು, ಇಂತಿಷ್ಟು ಬುಟ್ಟಿಗೊಮ್ಮೆ ದ್ರಾವಣವನ್ನು ಬದಲಿಸಬೇಕೆಂಬ ಕಟ್ಟಳೆಯೊಂದು ಇದ್ದರೆ ಈ ಕೇಡಿನ ಬಹುಭಾಗ ತಪ್ಪುವದು.

ಜಪಾನಿನ ಉದ್ದಿಮೆಗಳ ಏಳಿಗೆಯ ಮೂಲದಲ್ಲಿಯೂ ಇಂಥದೇ ಸರಳ ತತ್ವವನ್ನು ಕಾಣುತ್ತೇವೆ. ಟೊಯೋಡಾ ಸಾಕಿಚಿಯವರು 1924ರಲ್ಲಿ ಸಿದ್ಧಪಡಿಸಿದ ಸ್ವಯಂಚಾಲಿತ ಮಗ್ಗವು ನೂಲು ಹರಿದೊಡನೆ ತಾನಾಗಿಯೇ ನಿಲ್ಲುತ್ತಿತ್ತು. ಕೆಟ್ಟ ಬಟ್ಟೆಯನ್ನು ನೇಯ್ದು ಕಡೆಗೆ ಆರಿಸಿ ಎಸೆಯುವದಕ್ಕಿಂತ ಕೇಡು ಹುಟ್ಟಿದ ಠಾವಿನಲ್ಲಿಯೇ ಅದನ್ನು ತಡೆಯುವದು ಲೇಸೆಂಬ ಈ ನೀತಿಯನ್ನು ಮುಂದೆ ಟೊಯೋಟಾ ಮೋಟಾರು ಕಾರ್ಖಾನೆಯು ತನ್ನ ಉತ್ಪಾದನಾಪದ್ಧತಿಯ ಆಧಾರಸ್ತಂಭವಾಗಿ ಮಾಡಿಕೊಂಡಿತು. 1950ರಲ್ಲಿ ಜಪಾನಿನ ಉದ್ಯಮಿಗಳಿಗೆ ಉಪನ್ಯಾಸವಿತ್ತ ಅಮೇರಿಕದ ಡೆಮಿಂಗರ ಬೋಧೆಯ ಸಾರವೂ ಇದೇ: ಗುಣವು ಕಡೆಯ ತಪಾಸಣೆಯಿಂದ ಬರುವದಿಲ್ಲ, ಕೆಲಸದ ಹಂತಹಂತದಲ್ಲಿ ಅದನ್ನು ಕಟ್ಟಬೇಕು. ನಮ್ಮ ಶೆಡ್ಡಿನಲ್ಲಿ ಗೊಂಚಲನ್ನು ಮೊದಲು ಕೈಯಲ್ಲಿ ಹಿಡಿಯುವವಳು ಹೆಣ್ಣಾಳು. ಕೊಳೆತ ಕಾಳು ಕಂಡಾಗ ಕೆಲಸವನ್ನು ನಿಲ್ಲಿಸಿ ಹೇಳುವ ಅಧಿಕಾರ ಅವಳಿಗಿರಬೇಕು. ಬುಟ್ಟಿಗಿಷ್ಟೆಂದು ಕೂಲಿ ಗೊತ್ತುಮಾಡಿ ಅವಸರಪಡಿಸಿದಲ್ಲಿ ಆ ಕಣ್ಣು ಕಂಡರೂ ಕಾಣದಂತಾಗುವದು. ಆಗ ಕೆಡುವದು ಯಜಮಾನನ ಮಾಲೇ.

ಇನ್ನು ಲೆಕ್ಕದ ಪುಸ್ತಕ. 2010ರಲ್ಲಿ ಭಾರತದ ಹಸಿದ್ರಾಕ್ಷಿಯಲ್ಲಿ ಕ್ಲೋರ್ಮೆಕ್ವಾಟ್ ಎಂಬ ಔಷಧಿಯ ಶೇಷವು ಮಿತಿಮೀರಿದೆಯೆಂದು ಯುರೋಪಿನ ಪೇಟೆಗಳು ಮಾಲನ್ನು ತಿರಸ್ಕರಿಸಿದುವು. ರಫ್ತುದಾರರೂ ಬೆಳೆಗಾರರೂ ಭಾರಿ ನಷ್ಟಕ್ಕೀಡಾದರು. ಒಣದ್ರಾಕ್ಷಿಗೆ ಇದು ಇನ್ನಷ್ಟು ಎಚ್ಚರಿಕೆಯ ಮಾತು. ನಾಲ್ಕು ಕಿಲೋ ಹಣ್ಣು ಒಂದು ಕಿಲೋ ಆಗುವಾಗ ನೀರು ಹೋಗುತ್ತದೆ, ಔಷಧಿಯ ಶೇಷವು ಹೋಗಿಯೇ ತೀರುವದೆಂಬ ಭರವಸೆಯಿಲ್ಲ. ಯಾವ ತೋಟಕ್ಕೆ ಯಾವ ದಿನ ಏನನ್ನು ಸಿಂಪಡಿಸಲಾಯಿತು, ಯಾವ ದಿನ ಕೊಯ್ದು ಯಾವ ಜಾಳಿಗೆಗೆ ಏರಿಸಲಾಯಿತು, ಯಾವ ಪೆಟ್ಟಿಗೆಗೆ ಇಳಿಸಲಾಯಿತು ಎಂಬುದು ಬರಹದಲ್ಲಿದ್ದರೆ, ಕೇಡು ಕಂಡಾಗ ಹತ್ತು ಪೆಟ್ಟಿಗೆಗಳನ್ನು ಬೇರೆ ಇಡಬಹುದು. ಇಲ್ಲದಿದ್ದರೆ ರಾಶಿಯೆಲ್ಲವೂ ಸಂಶಯಕ್ಕೆ ಗುರಿಯಾಗುವದು.

ಎರಡೆಕರೆಯ ಬೆಳೆಗಾರನಿಂದ ಇಷ್ಟೆಲ್ಲ ಆಗುವದೆ ಎಂದು ಕೇಳುವವರುಂಟು. ಒಬ್ಬನಿಂದ ಆಗದು, ಕೂಡಿದರೆ ಆಗುವದು. ಕ್ಯಾಲಿಫೋರ್ನಿಯದ ಒಣದ್ರಾಕ್ಷಿ ಬೆಳೆಗಾರರು 1912ರಲ್ಲಿ ಒಂದಾಗಿ ಕಟ್ಟಿದ ಸಂಸ್ಥೆಯೇ ಇಂದು ಸನ್‌ಮೇಡ್ ಎಂಬ ಹೆಸರಿನಿಂದ ಲೋಕಪ್ರಸಿದ್ಧವಾಗಿದೆ. ನೆರೆಯ ಸಾಂಗ್ಲಿಯವರು ತಮ್ಮ ಒಣದ್ರಾಕ್ಷಿಗೆ ಭೌಗೋಳಿಕ ಗುರುತನ್ನು ಪಡೆದಿದ್ದಾರೆ. ಅವರ ಉದ್ಯೋಗಶೀಲತೆಯನ್ನು ನಾವು ಹೊಗಳುತ್ತೇವೆ. ಅದನ್ನು ಕಂಡು ಕರುಬುವದು ಸಲ್ಲದು, ಕಲಿಯುವದು ಸಲ್ಲುವದು. ತೆಲಸಂಗದ ಮಾಲು ತೆಲಸಂಗದ ಹೆಸರಿನಿಂದ ಪೇಟೆಯಲ್ಲಿ ನಿಲ್ಲಬೇಕಾದರೆ ಮೊದಲು ಹತ್ತು ಶೆಡ್ಡುಗಳಾದರೂ ಒಂದೇ ದ್ರಾವಣ, ಒಂದೇ ತೇವ, ಒಂದೇ ದರ್ಜೆಯ ಕಟ್ಟಳೆಗೆ ಒಳಪಡಬೇಕು. ಹೆಸರಿನ ಹಿಂದೆ ಗುಣವಿಲ್ಲದಿದ್ದರೆ ಆ ಹೆಸರು ಎರಡು ಸುಗ್ಗಿಯೂ ಬಾಳದು.

ಸರಕಾರದ ಹೊಣೆಯನ್ನು ನಾವು ಮರೆತಿಲ್ಲ. ಪುಣೆಯ ಹತ್ತಿರದ ಮಾಂಜರಿಯಲ್ಲಿ 1997ರಿಂದ ರಾಷ್ಟ್ರೀಯ ದ್ರಾಕ್ಷಿ ಸಂಶೋಧನಾ ಕೇಂದ್ರವಿದೆ. ಅಲ್ಲಿಯ ಜ್ಞಾನವು ಸರಳವಾದ ಕನ್ನಡದಲ್ಲಿ ಅಥಣಿಯ ಶೆಡ್ಡುಗಳಿಗೆ ಮುಟ್ಟಬೇಕು. ಮಾಲನ್ನು ಪರೀಕ್ಷಿಸುವ ಪ್ರಯೋಗಶಾಲೆ, ಬಡವನಿಗೆ ನಿಲುಕುವ ಶೀತಲಗೃಹ, ಅದರಲ್ಲಿಟ್ಟ ಮಾಲಿನ ಮೇಲೆ ಕಡಿಮೆ ಬಡ್ಡಿಯ ಸಾಲ, ಒಣಗಿಸುವ ದಿನಗಳಲ್ಲಿ ಅಕಾಲದ ಮಳೆಯ ಮುನ್ಸೂಚನೆ ಇವು ಹತ್ತಿರದಲ್ಲಿ ದೊರೆಯಬೇಕು. ಇವಿಲ್ಲದೆ ಬರಿಯ ಉಪದೇಶವು ಹಸಿದವನಿಗೆ ಪಥ್ಯ ಹೇಳಿದಂತಾದೀತು.

ಬೆಳಗಾವಿಯಲ್ಲಿ 1888ರಲ್ಲಿ ಸೈಕಲ್ಲಿನ ಅಂಗಡಿಯಿಂದ ತೊಡಗಿದ ಲಕ್ಷ್ಮಣರಾವ್ ಕಿರ್ಲೋಸ್ಕರರು ಕಬ್ಬಿಣದ ನೇಗಿಲನ್ನು ಮಾಡಿದಾಗ ಮೊದಮೊದಲು ಕೊಳ್ಳುವವರೇ ಇರಲಿಲ್ಲ. ಅವರು ಕೆಲಸವನ್ನು ಬಿಡಲಿಲ್ಲ. ಕಡೆಗೆ ಅದೇ ನೇಗಿಲು ಊರೂರ ಹೊಲಗಳನ್ನು ಉತ್ತಿತು. ನಮ್ಮದೇ ಜಿಲ್ಲೆಯಲ್ಲಿ ಹುಟ್ಟಿದ ಈ ಹಟವು ತೆಲಸಂಗದ ಬೆಳೆಗಾರರಿಗೆ ಹೊರಗಿನದಲ್ಲ. ಬರುವ ಅಕ್ಟೋಬರದ ಚಾಟನಿಯ ದಿನವೇ ಪ್ರತಿ ತೋಟದಲ್ಲಿಯೂ ಒಂದು ಲೆಕ್ಕದ ಪುಸ್ತಕವನ್ನು ತೆರೆಯಲಿ. ಸುಗ್ಗಿಯ ಹೊತ್ತಿಗೆ ಪ್ರತಿ ಶೆಡ್ಡಿಗೊಂದು ಬ್ರಿಕ್ಸ್ ಮಾಪಕವು ಬರಲಿ. ಸವಾಲಿನ ಕಟ್ಟೆಯ ಮೇಲೆ ತನ್ನ ಮಾಲಿನ ಗುಣವನ್ನು ತಾನೇ ಬಲ್ಲ ಬೆಳೆಗಾರನನ್ನು ತೂಗಿ ನೋಡದೆ ಮಾತಾಡುವ ಧೈರ್ಯ ಕೊಳ್ಳುವವನಿಗೆ ಆಗಲಾರದು.