ನಿಮಗಿದು ಗೊತ್ತೆ? ಪೋಲೆಂಡಿನ ಕೋಟ್ಯಧಿಪತಿ

ಪೋಲೆಂಡಿನ ಹೂಬರ್ಟ್ ಉರ್ಬಾನ್‌ಸ್ಕಿ ವಾರ್ಸಾದ ರಂಗಶಾಲೆಯಲ್ಲಿ ಅಭಿನಯ ಕಲಿತ ನಟ. ಆದರೆ ಅವರನ್ನು ಮನೆಮಾತಾಗಿಸಿದ್ದು ಯಾವ ಪಾತ್ರವೂ ಅಲ್ಲ, ಟಿ.ವಿ. ರಸಪ್ರಶ್ನೆಯ ನಿರೂಪಕನ ಕುರ್ಚಿ!

ಬ್ರಿಟನ್ನಿನಲ್ಲಿ 1998ರಲ್ಲಿ ಹುಟ್ಟಿದ ‘ಹೂ ವಾಂಟ್ಸ್ ಟು ಬಿ ಎ ಮಿಲಿಯನೇರ್’ ಮರುವರ್ಷವೇ ‘ಮಿಲಿಯೊನೆಝಿ’ ಹೆಸರಿನಲ್ಲಿ ಪೋಲೆಂಡಿಗೆ ಬಂತು. ಕಾರ್ಯಕ್ರಮ 2003ರಲ್ಲಿ ನಿಂತಿತು, 2008ರಲ್ಲಿ ಮರಳಿತು. ಮತ್ತೆ ನಿಂತು 2017ರಲ್ಲಿ ಪುನಃ ಶುರುವಾಯಿತು. ಪ್ರತಿ ಸಲವೂ ನಿರೂಪಕ ಇವರೇ. ಹತ್ತು ಲಕ್ಷ ಜ್ಲೋಟಿಯ ಪೂರ್ತಿ ಬಹುಮಾನವನ್ನು ಮೊದಲ ಸ್ಪರ್ಧಿ ಗೆದ್ದದ್ದು 2010ರಲ್ಲಿ. ಅಷ್ಟು ವರ್ಷ ಚೆಕ್ ಕೈಯಲ್ಲೇ ಉಳಿದರೂ ನಗು ಮಾಸದಂತೆ ನೋಡಿಕೊಂಡದ್ದೂ ಅಭಿನಯವೇ ಇರಬೇಕು! ನಡುವೆ, 2005ರಿಂದ ತಾರೆಯರ ನೃತ್ಯಸ್ಪರ್ಧೆಯನ್ನೂ ನಿರೂಪಿಸಿದರು.

ಇದೇ ಆಟ 2012ರಲ್ಲಿ ‘ಕನ್ನಡದ ಕೋಟ್ಯಧಿಪತಿ’ಯಾದಾಗ ನಡೆಸಿಕೊಟ್ಟವರೂ ನಟರೇ: ಪುನೀತ್ ರಾಜ್‌ಕುಮಾರ್.