ಮಕರಶಬ್ದವೂ ನರಭಕ್ಷಕಮತ್ಸ್ಯದ ಐತಿಹ್ಯವೂ

ಬಾದಾಮಿ, ಐಹೊಳೆ, ಪಟ್ಟದಕಲ್ಲುಗಳ ಚಾಲುಕ್ಯಶಿಲ್ಪಗಳಲ್ಲಿ ಮಕರವನ್ನು ಕಂಡವರಿಗೆ ಈ ಜಂತುವು ಯಾವುದೆಂಬ ಸಂದೇಹವು ಹುಟ್ಟದಿರದು. ಆನೆಯ ಸೊಂಡಿಲು, ತೆರೆದ ಬಾಯಿ, ಕೋರೆದಾಡೆ, ಎಲೆಬಳ್ಳಿಯಂತೆ ಸುರುಳಿಗೊಂಡ ಬಾಲ. ಪಾಠಶಾಲೆಗಳಲ್ಲಿ ಇದಕ್ಕೆ ಮೊಸಳೆಯೆಂದು ಅರ್ಥ ಹೇಳುವುದು ರೂಢಿ; ನರಭಕ್ಷಕವಾದ ಮಹಾಮತ್ಸ್ಯವೆಂಬುದು ಮತ್ತೊಂದು ಪಕ್ಷ. ಕೃಷ್ಣಾ, ಘಟಪ್ರಭಾ, ಮಲಪ್ರಭೆಗಳು ಹರಿಯುವ ಬಾಗಲಕೋಟೆಯ ಪ್ರಾಂತದಲ್ಲಿ ಇದು ಬರಿಯ ಶಬ್ದವಿಚಾರವಲ್ಲ. ನೀರಿಗಿಳಿಯುವವನು ಯಾವುದಕ್ಕೆ ಅಂಜಬೇಕೆಂಬ ಪ್ರಶ್ನೆಯೂ ಅಹುದು.

ಅಮರಸಿಂಹನು ತಿಮಿ, ತಿಮಿಂಗಿಲಗಳನ್ನು ಮೀನುಗಳ ಸಾಲಿನಲ್ಲಿ ಹೇಳಿ ಮುಗಿಸಿದ ಬಳಿಕ, ಯಾದಸ್ಸುಗಳೆಂಬ ಜಲಜಂತುಗಳಲ್ಲಿ ಶಿಶುಮಾರಾದಿಗಳೊಡನೆ ಮಕರವನ್ನು ಎಣಿಸುತ್ತಾನೆ. ನಕ್ರ, ಕುಂಭೀರಗಳು ಬರುವುದು ಆಮೆಯ ಹೆಸರುಗಳೂ ಕಳೆದ ಮೇಲೆ. ಎಂದರೆ ಕೋಶಕಾರನ ಮತದಲ್ಲಿ ಮಕರವು ಮೀನೂ ಅಲ್ಲ, ಮೊಸಳೆಯೂ ಅಲ್ಲ. ಹಾಗಾದರೆ ಮನ್ಮಥನಿಗೆ ಮೀನಕೇತನ, ಮಕರಧ್ವಜ ಎಂಬೆರಡು ಹೆಸರುಗಳನ್ನೂ ಅವನೇ ಕೊಟ್ಟಿರುವುದು ಹೇಗೆ? ಮೀನಪಕ್ಷದವರಿಗೆ ಇದೊಂದೇ ಬಲವಾದ ಆಧಾರ. ಆದರೆ ಧ್ವಜದ ಲಾಂಛನದಿಂದ ಪ್ರಾಣಿಯ ಜಾತಿಯನ್ನು ನಿರ್ಣಯಿಸುವುದು ಯುಕ್ತವಲ್ಲ.

ಮನುಷ್ಯರನ್ನೆಳೆಯುವ ಮೀನಿನ ಮಾತು ಪುರಾಣಕ್ಕಷ್ಟೇ ಸೇರಿದುದೂ ಅಲ್ಲ. ಭಾರತ-ನೇಪಾಳಗಳ ಗಡಿಯ ಕಾಳೀನದಿಯಲ್ಲಿ 1998ರಿಂದ 2007ರವರೆಗೆ ಸ್ನಾನಕ್ಕಿಳಿದವರು ಕಾಣೆಯಾದುದನ್ನು ಗೂಂಚ್ ಎಂಬ ಮೀನಿನ ಮೇಲೆ ಹೊರಿಸಲಾಯಿತು. ಆಂಗ್ಲದೇಶದ ಜೆರೆಮಿ ವೇಡ್ ಎಂಬವರು ಅಲ್ಲಿಗೆ ಹೋಗಿ ಸುಮಾರು ಆರಡಿ ಉದ್ದದ ಗೂಂಚನ್ನು ಹಿಡಿದರು. ಅರೆಬೆಂದ ಶವಗಳನ್ನು ತಿಂದು ಅದು ಬೆಳೆದಿರಬಹುದೆಂಬುದು ಅವರ ಊಹೆ. ಜೀವಂತಮನುಷ್ಯನನ್ನು ಅದು ಕೊಂದುದಕ್ಕೆ ಪ್ರತ್ಯಕ್ಷಪ್ರಮಾಣವು ದೊರೆಯಲಿಲ್ಲ.

ಈ ಮೀನು ಕನ್ನಡನಾಡಿಗೆ ಹೊರಗಿನದಲ್ಲ. ಇದರ ದಖ್ಖಣದ ಜಾತಿಯನ್ನು ಪುಣೆಯ ಮುಳಾ-ಮುಠಾ ನದಿಯಿಂದ ಕರ್ನಲ್ ಸೈಕ್ಸ್‌ರವರು 1839ರಲ್ಲಿ ವರ್ಣಿಸಿದರು. ಆ ನೀರು ಭೀಮೆಯ ಮೂಲಕ ಕೃಷ್ಣೆಯನ್ನೇ ಸೇರುವುದು. ಸೆಳವಿನ ನೀರಿನ ತಳದಲ್ಲಿ ಬಂಡೆಗಳ ನಡುವೆ ಅಡಗಿರುವುದು, ಬಹುದಂತಗಳ ಅಗಲವಾದ ಬಾಯಿ, ಕಲ್ಲಿನ ಬಣ್ಣ: ಇವೆಲ್ಲ ಐತಿಹ್ಯಕ್ಕೆ ಬೇಕಾದ ಸಾಮಗ್ರಿಗಳೇ. ಆದರೆ ಅದರ ಆಹಾರವು ಮುಖ್ಯವಾಗಿ ಇತರ ಮೀನುಗಳು.

ಕೃಷ್ಣೆಯಲ್ಲಿ ಮನುಷ್ಯರನ್ನು ನಿಜವಾಗಿ ಹಿಡಿಯುವುದು ನಕ್ರವೇ, ಹಳಗನ್ನಡದ ನೆಗಳ್. ಹುನಗುಂದ, ಇಳಕಲ್ಲುಗಳ ಕಡೆಯ ಅಧ್ಯಾಪಕರು ಗಜೇಂದ್ರಮೋಕ್ಷವನ್ನು ಪಾಠ ಹೇಳುವಾಗ ಗ್ರಾಹಕ್ಕೆ ಮೊಸಳೆಯೆಂದು ಹೇಳಿದರೆ ದೋಷವಿಲ್ಲ. ಮಕರವಾಹನೆಯಾದ ಗಂಗೆಯ ಮುಂದೆ ನಿಂತು ಅದನ್ನೇ ಹೇಳಿದರೆ, ಸೊಂಡಿಲೆಲ್ಲಿಂದ ಬಂದಿತೆಂಬ ವಿದ್ಯಾರ್ಥಿಯ ಪ್ರಶ್ನೆಗೆ ಉತ್ತರವಿರದು.