ವಿಚಾರಣೆ ಎಳೆದಾಡಿದರೆ ನೌಕರನ ಗತಿಯೇನು?

ನಮ್ಮ ವಾಚನಾಲಯಕ್ಕೆ ಬರುವ ಬಂಧುಗಳಲ್ಲಿ ಕೇಂದ್ರ ಸರಕಾರದ ಚಾಕರಿಯಲ್ಲಿರುವವರು ಅನೇಕರು. ಊರು ಬಿಟ್ಟು ಬಂದವರಿಗೆ ನೌಕರಿಯೇ ಅನ್ನ, ನೌಕರಿಯೇ ಮಾನ. ಅದರ ಮೇಲೆ ಆರೋಪ ಬಂದು ವಿಚಾರಣೆ ವರ್ಷಗಟ್ಟಲೆ ನಿಂತರೆ ಯಾವ ರಕ್ಷಣೆಯುಂಟು ಎಂಬುದನ್ನು ಇಲ್ಲಿ ಸಂಕ್ಷೇಪವಾಗಿ ತಿಳಿಸುತ್ತೇವೆ.

ಸಂವಿಧಾನದ 311ನೆಯ ವಿಧಿಯಂತೆ, ಕೆಲವು ಅಪವಾದಗಳ ಹೊರತು, ಆರೋಪ ತಿಳಿಸದೆ, ವಿಚಾರಣೆ ನಡೆಸದೆ ಸರಕಾರಿ ನೌಕರನನ್ನು ವಜಾ ಮಾಡುವಂತಿಲ್ಲ. ಇದರ ಕ್ರಮವನ್ನು ಕೇಂದ್ರದ ನೌಕರರಿಗೆ 1965ರ ನಿಯಮಗಳೂ ರೈಲ್ವೆಯವರಿಗೆ 1968ರ ನಿಯಮಗಳೂ ಗೊತ್ತುಮಾಡಿವೆ. ಆರೋಪಪತ್ರ, ಉತ್ತರ, ವಿಚಾರಣಾಧಿಕಾರಿಯ ನೇಮಕ, ಸಾಕ್ಷಿ, ವರದಿ, ಆಜ್ಞೆ ಎಂದು ಮೆಟ್ಟಲುಗಳು. ವಿಳಂಬ ಹುಟ್ಟುವುದು ಇವುಗಳ ನಡುವೆ. ವಿಚಾರಣಾಧಿಕಾರಿಗೆ ತನ್ನ ನಿತ್ಯದ ಕೆಲಸ ಬೇರೆ ಇರುತ್ತದೆ, ಅಷ್ಟರಲ್ಲಿ ವರ್ಗವೂ ಆಗುತ್ತದೆ. ಮೂಲ ಕಾಗದಗಳು ಕೋರ್ಟಿನಲ್ಲಿರುತ್ತವೆ. ಸಾಕ್ಷಿಗಳು ನಿವೃತ್ತರಾಗಿ ಊರು ಸೇರಿರುತ್ತಾರೆ.

ಇದರಿಂದ ತಪ್ಪಿತಸ್ಥನಿಗೆ ನುಸುಳಿಕೊಳ್ಳಲು ದಾರಿ. ನಿರಪರಾಧಿಗೆ ತೀರ್ಪಿಗೆ ಮೊದಲೇ ಶಿಕ್ಷೆ. ಅವನ ಬಡ್ತಿಯ ನಿರ್ಣಯ ಮುಚ್ಚಿದ ಲಕೋಟೆಯಲ್ಲಿ ಉಳಿಯುತ್ತದೆ. ಅಷ್ಟರಲ್ಲಿ ನಿವೃತ್ತನಾದರೆ ಗ್ರಾಚ್ಯುಟಿಯೂ ಸಾಮಾನ್ಯವಾಗಿ ತಡೆಯಲ್ಪಡುತ್ತದೆ. ಮಗಳ ಮದುವೆಯೋ ಮನೆಯ ಸಾಲವೋ ವಿಚಾರಣೆಗಾಗಿ ಕಾಯುವುದಿಲ್ಲ.

ಅಮಾನತಾದವನಿಗೆ ಮೊದಲ ಮೂರು ತಿಂಗಳು ಅರ್ಧ ವೇತನದ ರಜೆಯ ಸಂಬಳದಷ್ಟು ಜೀವನಾಧಾರ ಭತ್ತೆ ಸಲ್ಲುತ್ತದೆ. ಬಳಿಕ, ವಿಳಂಬ ಅವನಿಂದಾಗಿರದಿದ್ದರೆ, ಆ ಭತ್ತೆಯನ್ನು ಅದರ ಅರ್ಧದಷ್ಟು ಹೆಚ್ಚಿಸಬಹುದು. ಅವನಿಂದಲೇ ಆಗಿದ್ದರೆ ಅಷ್ಟೇ ಕಡಿಮೆ ಮಾಡಬಹುದು. 1965ರ ನಿಯಮಗಳಂತೆ 90 ದಿನಗಳೊಳಗೆ ಪುನರ್ವಿಮರ್ಶೆ ಮಾಡಿ ಮುಂದುವರಿಸದ ಅಮಾನತು ಉಳಿಯುವುದಿಲ್ಲ. 2017ರ ತಿದ್ದುಪಡಿಯಂತೆ ವಿಚಾರಣಾಧಿಕಾರಿಯು ಆರು ತಿಂಗಳಲ್ಲಿ ವರದಿ ಕೊಡಬೇಕು. ಆಗದಿದ್ದರೆ ಕಾರಣ ಬರೆದು ಹೆಚ್ಚಿನ ಕಾಲ ಪಡೆಯಬೇಕು.

ಸುಪ್ರೀಂ ಕೋರ್ಟು ಕೂಡ ಇದನ್ನು ಗಮನಿಸಿದೆ. ಮೂರು ತಿಂಗಳಲ್ಲಿ ಆರೋಪಪತ್ರ ಕೊಡದಿದ್ದರೆ ಅಮಾನತು ಮುಂದುವರಿಯಬಾರದೆಂದು 2015ರಲ್ಲಿ ಹೇಳಿತು. ವಿಚಾರಣೆ ಆದಷ್ಟು ಆರು ತಿಂಗಳಲ್ಲಿ, ಹೆಚ್ಚೆಂದರೆ ಒಂದು ವರ್ಷದಲ್ಲಿ ಮುಗಿಯಬೇಕೆಂದು ಅದೇ ವರ್ಷ ಇನ್ನೊಂದು ಖಟ್ಲೆಯಲ್ಲಿ ಹೇಳಿತು. ತಮಿಳುನಾಡು ಗೃಹನಿರ್ಮಾಣ ಮಂಡಳಿಯ ಇಂಜಿನಿಯರರೊಬ್ಬರ ಮೇಲೆ 1990ರ ವ್ಯವಹಾರಕ್ಕಾಗಿ 2000ದಲ್ಲಿ ಹೊರಡಿಸಿದ ಆರೋಪಪತ್ರವನ್ನು 2005ರಲ್ಲಿ ಅದು ರದ್ದುಮಾಡಿತು.

ಆದರೆ ಅವಧಿ ಮೀರಿತೆಂದ ಮಾತ್ರಕ್ಕೆ ಆರೋಪ ತಾನಾಗಿ ಬಿದ್ದುಹೋಗದು. ವಿಳಂಬ ಯಾರಿಂದಾಯಿತು, ಆರೋಪ ಎಷ್ಟು ಗುರುತರ, ನೌಕರನಿಗಾದ ಹಾನಿ ಎಷ್ಟು ಎಂಬುದನ್ನೆಲ್ಲ ಕೋರ್ಟು ತೂಗಿ ನೋಡುತ್ತದೆ. ಆದ್ದರಿಂದ ಬಂಧುಗಳು ಆರೋಪಪತ್ರಕ್ಕೆ ಗಡುವಿನೊಳಗೆ ಉತ್ತರ ಕೊಡಬೇಕು. ಅನವಶ್ಯವಾಗಿ ಮುಂದಿನ ತಾರೀಖು ಕೇಳಬಾರದು. ಬೇರೆಡೆ ದುಡಿಯುತ್ತಿಲ್ಲವೆಂಬ ದೃಢೀಕರಣ ಪತ್ರ ಕೊಟ್ಟು ಭತ್ತೆ ಪಡೆಯಬೇಕು. ಮೂರು ತಿಂಗಳು ಕಳೆದೊಡನೆ ಅದನ್ನು ಹೆಚ್ಚಿಸಲು ಅರ್ಜಿ ಹಾಕಬೇಕು. ವಿಳಂಬವಾದಾಗಲೆಲ್ಲ ಬರವಣಿಗೆಯಲ್ಲಿ ನೆನಪು ಕೊಟ್ಟು, ಪ್ರತಿಯ ಮೇಲೆ ಮುಟ್ಟಿದ ಸಹಿ ಪಡೆಯಬೇಕು. ಬಾಯಿಮಾತು ಸಾಹೇಬರ ವರ್ಗದೊಡನೆ ಹೋಗುತ್ತದೆ. ಕಾಗದ ಫೈಲಿನಲ್ಲಿ ಉಳಿಯುತ್ತದೆ.